ಎರಡು ಕೊಡ ನೀರಿನ ಮುಯ್ಯಿ

ಮುಯ್ಯಾಳು ಅಂದರೆ ಊರಲ್ಲಿರುವ ನಿಮಗೆ ಗೊತ್ತೇ ಇದೆ. ಇವತ್ತು ನಿಮ್ಮ ಗದ್ದೆ ನಾಟಿಗೆ ನಾವು, ನಾಳೆ ನಮ್ಮ ಗದ್ದೆಗೆ ನೀವು. ಯಾರು ಎಷ್ಟು ದಿನ ಬಂದರು ಅನ್ನುವ ಲೆಕ್ಕ ಎಲ್ಲರ ಬಾಯಲ್ಲೂ ಇರುತ್ತದೆ. ನಾವು ಮೂವರು ಗೆಳೆಯರು ಬೆಂಗಳೂರಿನ ವಿಜಯನಗರದಲ್ಲಿ ಬಾಡಿಗೆಗೆ ರೂಮು ಹಿಡಿದಾಗ, ಪೇಟೆಯಲ್ಲಿ ಮುಯ್ಯಿ ಇಲ್ಲ ಅಂದುಕೊಂಡಿದ್ದೆವು. ಇತ್ತು. ಲೆಕ್ಕವನ್ನು ಮಾತ್ರ ಯಾರೂ ಬಾಯಿಬಿಟ್ಟು ಹೇಳುತ್ತಿರಲಿಲ್ಲ.

2024ರ ಬೇಸಿಗೆ ನೆನಪಿದೆಯಲ್ಲ? ಹಿಂದಿನ ವರ್ಷದ ಮಳೆ ಕೈಕೊಟ್ಟು ಬೋರ್‌ವೆಲ್‌ಗಳು ಬತ್ತಿದ್ದವು. ಕಾವೇರಿ ನೀರು ಮಳವಳ್ಳಿ ತಾಲ್ಲೂಕಿನ ತೊರೆಕಾಡನಹಳ್ಳಿಯಿಂದ ಸುಮಾರು 100 ಕಿಲೋಮೀಟರ್ ದೂರ ಬರಬೇಕು. ಮಾರ್ಚ್‌ನಲ್ಲಿ ಜಲಮಂಡಳಿ, ಕುಡಿಯುವ ನೀರಲ್ಲಿ ಕಾರು ತೊಳೆದರೆ 5,000 ರೂಪಾಯಿ ದಂಡ ಎಂದಿತು.

ಅದೇ ವಾರ ಪಕ್ಕದ ಮನೆ ಅಂಕಲ್ ಬೆಳಗಿನ ಜಾವ ಕಾರು ತೊಳೆಯುತ್ತಿದ್ದರು. ಎದುರು ಮನೆ ಆಂಟಿ ಮಹಡಿಯಿಂದ ವಿಡಿಯೋ ಮಾಡಿಕೊಂಡರು. ದೂರು ಕೊಡಲಿಲ್ಲ. "ಅಕ್ಕಪಕ್ಕದವರ ಮೇಲೆ ಯಾರಾದ್ರೂ ದೂರು ಕೊಡ್ತಾರಾ?" ಎನ್ನುತ್ತಾ ಅಂಕಲ್‌ಗೇ ತೋರಿಸಿದರು. ಮರುದಿನದಿಂದ ಅಂಕಲ್ ಸಂಪಿನಿಂದ ಆಂಟಿ ಮನೆಗೆ ಪೈಪು. ನಾವು ಆ ಪೈಪು ನೋಡಿದೆವು. ನಮಗೂ ದಿನಕ್ಕೆರಡು ಕೊಡ ನೀರು ಸಿಕ್ಕಿತು.

ನೀರು ಹಿಡಿಯುತ್ತಿದ್ದ ಕೊಡ ನಮ್ಮದಲ್ಲ. ಮೇಲಿನ ಮನೆಯಲ್ಲಿ ಒಬ್ಬರೇ ಇದ್ದ ಓನರ್ ತಾತ ನಾವು ಬಂದ ದಿನವೇ ಕೊಟ್ಟಿದ್ದರು.

ಏಪ್ರಿಲ್‌ನಲ್ಲಿ ತಾತ ತೀರಿಕೊಂಡರು. ಕೆಂಗೇರಿಯಿಂದ ಮಗ ಬಂದರು. ಹೆಣಕ್ಕೆ ಸ್ನಾನ ಮಾಡಿಸಲು ಟ್ಯಾಂಕಿನಲ್ಲಿ ನೀರಿಲ್ಲ. ಅಂಕಲ್ ತಾವಾಗಿಯೇ ಆರು ಬಕೆಟ್ ಹೊತ್ತು ತಂದರು. ನಮ್ಮ ಕಣ್ಣು ತುಂಬಿ ಬಂತು. ಕೊನೆಯ ಬಕೆಟ್ ಇಳಿಸಿ ಅವರು ಮಗನ ಕಿವಿಯಲ್ಲಿ, "ತಾತನ ಸ್ಕೂಟರ್ ಜಾಗ ಇನ್ನು ಖಾಲಿ ತಾನೇ? ನಮ್ಮ ಕಾರು ನಿಲ್ಲಿಸ್ಕೊಳ್ಳಾ?" ಅಂದರು.

ಆಂಟಿ ಕಣ್ಣೊರೆಸಿಕೊಂಡರು. "ಅದನ್ನ ನಾನು ಹೋದ ತಿಂಗಳೇ ಕೇಳಿ ಇಟ್ಟಿದ್ದೀನಿ."

ರಾತ್ರಿ ನಾವು ಇಬ್ಬರನ್ನೂ ಮನಸಾರೆ ಬೈದೆವು. ನಮ್ಮೂರಲ್ಲಾದರೆ ಹೀಗೆ ಇರಲ್ಲಪ್ಪ ಅಂದುಕೊಂಡೆವು. ತಿಥಿ ಊಟದ ದಿನ ಎಲೆ ಹಾಕಿದೆವು, ಬಡಿಸಿದೆವು, ಪಾತ್ರೆ ಹೊತ್ತೆವು. "ಸ್ವಂತ ಮೊಮ್ಮಕ್ಕಳ ಹಾಗೆ ಮಾಡಿದ್ರಿ" ಎಂದು ಮಗ ನಮ್ಮ ಕೈ ಹಿಡಿದುಕೊಂಡರು. ಹಿಡಿದ ಕೈ ಬಿಡುವ ಮೊದಲೇ ನಮ್ಮಲ್ಲೊಬ್ಬ ಕೇಳಿಬಿಟ್ಟ: "ಅಣ್ಣಾ, ಮೇಲಿನ ಮನೆಗೆ ಬಾಡಿಗೆ ಎಷ್ಟು ಹೇಳ್ತೀರಿ?"

ಉಳಿದಿಬ್ಬರು ನಾಚಿಕೆಯಿಂದ ತಲೆ ತಗ್ಗಿಸಬೇಕಿತ್ತು. ಉತ್ತರಕ್ಕೆ ಕಿವಿಗೊಟ್ಟೆವು.

ಈಗ ನಾವು ಮೇಲೆಯೇ ಇದ್ದೇವೆ. ಗಾಳಿ, ಬೆಳಕು ಚೆನ್ನಾಗಿದೆ. ತಾತನ ಕೊಡವೂ ನಮ್ಮಲ್ಲೇ ಇದೆ. ಇಡೀ ಬೀದಿಯಲ್ಲಿ ಲೆಕ್ಕ ಇಡದೆ ಕೊಟ್ಟ ವಸ್ತು ಅದೊಂದೇ. ಅದರ ಮುಯ್ಯಿ ತೀರಿಸೋಣವೆಂದರೆ ತಾತ ಇಲ್ಲ.