ಮುಧೋಳದ ಕೌದಿ, ಅಲಬಾಮಾದ ಅಂಚೆಚೀಟಿ

ಘಟಪ್ರಭೆಯ ದಂಡೆಯ ಮುಧೋಳ ಎಂದೊಡನೆ ಎರಡು ಸಂಗತಿಗಳು ನೆನಪಾಗುತ್ತವೆ. ಒಂದು ಕವಿ ರನ್ನ, ಇನ್ನೊಂದು ಸಪೂರ ಮೈಯ, ಉದ್ದ ಕಾಲಿನ ಬೇಟೆನಾಯಿ. ಈ ನಾಯಿ ಅರಮನೆಯಲ್ಲಿ ಹುಟ್ಟಿದ್ದಲ್ಲ. ಕುರಿಗಾರರ, ಬೇಡರ ಬೆನ್ನ ಹಿಂದೆ ಹೊಲ-ಗುಡ್ಡ ತಿರುಗಿದ ಪ್ರಾಣಿ. ಸಂಸ್ಥಾನದ ಅರಸ ಮಾಲೋಜಿರಾವ್ ಘೋರ್ಪಡೆ ಅದರ ಗುಣ ಕಂಡು ತಳಿಯನ್ನು ಪೋಷಿಸಿದರು. 2005ರಲ್ಲಿ ಅಂಚೆ ಇಲಾಖೆ ಅದರ ಚಿತ್ರವಿರುವ ಚೀಟಿಯನ್ನೇ ಹೊರತಂದಿತು. ಗುಣ ಮೊದಲಿನಿಂದಲೂ ಇತ್ತು. ಗುರುತಿಸುವ ಕಣ್ಣು ಆಮೇಲೆ ಬಂತು.

ಇದೇ ಊರಿನ ಓಣಿಗಳಲ್ಲಿ ದಿನವೂ ಕಣ್ಣಿಗೆ ಬಿದ್ದರೂ ಯಾರೂ ನಿಂತು ನೋಡದ ವಸ್ತು ಒಂದಿದೆ. ಅದು ಕಟ್ಟೆಯ ಮೇಲೆ ಬಿಸಿಲಿಗೆ ಹರವಿದ ಕೌದಿ. ಅಜ್ಜಿಯ ಇಳಕಲ್ಲ ಸೀರೆ, ಅಪ್ಪನ ಹರಿದ ಧೋತರ, ಮಗುವಿನ ಅಂಗಿ ಎಲ್ಲವೂ ಅದರೊಳಗೆ ಪದರ ಪದರವಾಗಿ ಸೇರಿರುತ್ತವೆ. ಪದರಗಳ ನಡುವೆ ಸಿಕ್ಕಿಬಿದ್ದ ಗಾಳಿ ಉಷ್ಣವನ್ನು ಸುಲಭವಾಗಿ ಹೊರಬಿಡದು. ಕೌದಿ ಬೆಚ್ಚಗಿರುವುದು ಅದರಿಂದಲೇ. ಆದರೆ ಕೆಂಪಿನ ಪಕ್ಕ ಹಸಿರು ಇಡಬೇಕೆಂದು ಆ ತಾಯಿಗೆ ಯಾರು ಹೇಳಿಕೊಟ್ಟರು? ಅದಕ್ಕೆ ಪಠ್ಯಪುಸ್ತಕದಲ್ಲಿ ಉತ್ತರವಿಲ್ಲ. ಅದು ಕಲೆ.

ಮುಧೋಳದಿಂದ ಲೋಕಾಪುರದ ದಾರಿ ಹಿಡಿದು ಧಾರವಾಡ ದಾಟಿದರೆ ಹಳಿಯಾಳ ಸಿಗುತ್ತದೆ. ಅಲ್ಲಿಯೂ, ಯಲ್ಲಾಪುರ, ಮುಂಡಗೋಡದ ಕಾಡಂಚಿನಲ್ಲಿಯೂ ಸಿದ್ದಿ ಜನಾಂಗದವರಿದ್ದಾರೆ. ಅವರ ಪೂರ್ವಜರು ಆಫ್ರಿಕದಿಂದ ಬಂದವರು. ಅನೇಕರು ಗುಲಾಮರಾಗಿ ಗೋವೆಗೆ ತರಲ್ಪಟ್ಟವರು. ಅವರ ಹೆಂಗಸರೂ ಹಳೆಯ ಬಟ್ಟೆಗಳಿಂದ ಕೌದಿ ಹೊಲಿಯುತ್ತಾರೆ. ಅಂಚಿನಿಂದ ಆರಂಭಿಸಿ ಸುತ್ತು ಹಾಕುತ್ತ ನಡುವಿಗೆ ಬರುತ್ತಾರೆ. ನಾಲ್ಕು ಮೂಲೆಗೆ ಬಟ್ಟೆ ಮಡಚಿ ಮಾಡಿದ ತ್ರಿಕೋನದ ‘ಹೂವು’ ಇಡದೆ ಕೌದಿ ಪೂರ್ಣವಾಗದು. ಅಮೆರಿಕದ ಕಲಾ ಇತಿಹಾಸಕಾರ ಹೆನ್ರಿ ಡ್ರೂವಲ್ ಇವುಗಳ ಸೊಬಗಿಗೆ ಮಾರುಹೋದರು. 2004ರಲ್ಲಿ ಸಿದ್ದಿ ಮಹಿಳೆಯರ ಕೌದಿ ಸಹಕಾರ ಸಂಘ ರೂಪುಗೊಂಡಿತು. 2011ರಲ್ಲಿ ನ್ಯೂಯಾರ್ಕಿನ ಷೋಂಬರ್ಗ್ ಕೇಂದ್ರದ ಗೋಡೆಗಳ ಮೇಲೆ ಉತ್ತರ ಕನ್ನಡದ ಕೌದಿಗಳು ತೂಗಿದವು.

ನ್ಯೂಯಾರ್ಕಿನವರಿಗೆ ಅದು ತೀರ ಹೊಸ ನೋಟವೇನಲ್ಲ. ಅಲಬಾಮಾ ನದಿಯ ತಿರುವಿನಲ್ಲಿ ಜೀಸ್ ಬೆಂಡ್ ಎಂಬ ಹಳ್ಳಿಯಿದೆ. ಹತ್ತಿಯ ತೋಟದಲ್ಲಿ ಗುಲಾಮರಾಗಿದ್ದವರ ಮಕ್ಕಳು ಮೊಮ್ಮಕ್ಕಳು ಅಲ್ಲಿ ನೆಲೆಸಿದ್ದಾರೆ. ಅಲ್ಲಿನ ಹೆಂಗಸರು ಸವೆದ ಕೆಲಸದ ಬಟ್ಟೆಗಳಿಂದ ಹೊಲಿದ ಕೌದಿಗಳು 2002ರಲ್ಲಿ ಹ್ಯೂಸ್ಟನ್, ನ್ಯೂಯಾರ್ಕ್ ನಗರಗಳ ಕಲಾ ಸಂಗ್ರಹಾಲಯ ಸೇರಿದವು. 2006ರಲ್ಲಿ ಅಮೆರಿಕದ ಅಂಚೆಚೀಟಿಗಳ ಮೇಲೂ ಬಂದವು. ಆದರೆ ಮರುವರ್ಷ ಕೆಲವು ಹೆಂಗಸರು ತಮಗೆ ಸಲ್ಲಬೇಕಾದ ಪಾಲು ಸಂದಿಲ್ಲವೆಂದು ನ್ಯಾಯಾಲಯದ ಮೆಟ್ಟಿಲೇರಿದರು. 2008ರಲ್ಲಿ ವ್ಯಾಜ್ಯ ಬಗೆಹರಿಯಿತು. ಹೆಸರು ಬಂದರೆ ಸಾಲದು, ಹೊಲಿದ ಕೈಗೆ ಬೆಲೆಯೂ ಬರಬೇಕು.

ಇಂಥ ಕಡೆ ಕಲೆಯ ಜೊತೆಗೆ ವ್ಯವಹಾರ ಬಲ್ಲವರೂ ಬೇಕಾಗುತ್ತಾರೆ. ಅಮೆರಿಕದ ಪಮೇಲಾ ಜಾಯ್ನರ್ ಅಂಥವರು. ಹಾರ್ವರ್ಡಿನಲ್ಲಿ ವ್ಯಾಪಾರಾಡಳಿತ ಕಲಿತು, ಹೂಡಿಕೆಯ ಕ್ಷೇತ್ರದಲ್ಲಿ ಸ್ವಂತ ಸಂಸ್ಥೆ ಕಟ್ಟಿದ ಕಪ್ಪು ಜನಾಂಗದ ಮಹಿಳೆ. ಅವರು ಸಂಗ್ರಹಿಸಿದ್ದು ಕೌದಿಗಳನ್ನಲ್ಲ, ಆಫ್ರಿಕನ್ ಮೂಲದ ಕಲಾವಿದರ ಅಮೂರ್ತ ಚಿತ್ರಗಳನ್ನು. ಬಣ್ಣ ಮತ್ತು ಆಕಾರಗಳಲ್ಲೇ ಮಾತನಾಡಿದ ನಾರ್ಮನ್ ಲೂಯಿಸ್, ಚೌಕಟ್ಟು ಕಳಚಿ ಕ್ಯಾನ್‌ವಾಸನ್ನು ಸೀರೆ ಒಣಹಾಕಿದಂತೆ ತೂಗುಬಿಟ್ಟ ಸ್ಯಾಮ್ ಗಿಲಿಯಂ ಮೊದಲಾದವರನ್ನು ದೊಡ್ಡ ಸಂಗ್ರಹಾಲಯಗಳು ಬಹುಕಾಲ ಕಡೆಗಣಿಸಿದ್ದವು. ಜಾಯ್ನರ್ ಅವರು ಕೊಂಡ ಚಿತ್ರಗಳನ್ನು ಮನೆಯಲ್ಲಿ ಬೀಗ ಹಾಕಿ ಇಡಲಿಲ್ಲ. ಸಂಗ್ರಹಾಲಯಗಳ ಸಮಿತಿಗಳಲ್ಲಿ ಕುಳಿತು ಈ ಕಲಾವಿದರ ಪರ ಮಾತನಾಡಿದರು. 2016ರಲ್ಲಿ ಸಂಗ್ರಹದ ಬಗ್ಗೆ ಗ್ರಂಥ ಬಂತು; 2017ರಿಂದ ಚಿತ್ರಗಳು ಪ್ರದರ್ಶನವಾಗಿ ಊರೂರು ತಿರುಗಿದವು. ಹಣ ಎಲ್ಲಿ ಹೂಡಬೇಕೆಂದು ಬಲ್ಲವರು ಇತಿಹಾಸದ ಮರೆವಿನ ಮೇಲೆ ಹೂಡಿದರು ಎನ್ನಬಹುದು.

ಮುಧೋಳಕ್ಕೆ ಮರಳೋಣ. ಇಲ್ಲಿ ಮದುವೆಗೆ ಬಣ್ಣಬಣ್ಣದ ಬ್ಲಾಂಕೆಟ್ ಬಂದಮೇಲೆ ಹಳೆಯ ಕೌದಿ ಕಟ್ಟಿಗೆಯ ರಾಶಿ ಮುಚ್ಚುವುದಕ್ಕೆ, ಟ್ರ್ಯಾಕ್ಟರಿನ ಸೀಟಿಗೆ ಹೋಗುತ್ತದೆ. “ಹಳೇ ಅರಿವಿ ಯವ್ವಾ, ಅದ್ರಾಗೇನೈತಿ?” ಎಂದು ಹೊಲಿದವರೇ ನಗುತ್ತಾರೆ. ಅದು ಹರಿದುಹೋದಾಗ ಹೋಗುವುದು ಬಟ್ಟೆಯಷ್ಟೇ ಅಲ್ಲ. ಒಂದು ಮನೆಯ ಮೂರು ತಲೆಮಾರಿನ ನೆನಪು, ಒಬ್ಬಾಕೆಯ ಕೈಗುಣ.

ವಿದ್ಯಾರ್ಥಿಗಳು ಇದಕ್ಕೆ ಕೋಟ್ಯಧೀಶರಾಗಬೇಕಿಲ್ಲ. ರಜೆಯಲ್ಲಿ ಅಜ್ಜಿಯ ಪಕ್ಕ ಕುಳಿತು ಮನೆಯ ಕೌದಿಯ ಒಂದೊಂದು ತುಂಡೂ ಯಾರ ಬಟ್ಟೆ, ಯಾವ ವರ್ಷ ಹೊಲಿದದ್ದು ಎಂದು ಕೇಳಿ ಬರೆದಿಟ್ಟರೆ ಸಾಕು. ಹೊಲಿದವರ ಹೆಸರನ್ನು ಮೊದಲ ಸಾಲಿನಲ್ಲೇ ಬರೆಯಲಿ. ತಂದೆತಾಯಿಯರೂ ಮಗಳು ವ್ಯಾಪಾರ ಕಲಿಯುತ್ತೇನೆಂದರೆ ಅಡ್ಡಿ ಹೇಳದಿರಲಿ, ಚಿತ್ರ ಬರೆಯುತ್ತೇನೆಂದರೆ ಗದರದಿರಲಿ. ಮುಧೋಳದ ನಾಯಿಗೆ ಒಬ್ಬ ಅರಸ ಸಿಕ್ಕ. ಕೌದಿಗೆ ಅರಸನೇ ಬೇಕೆಂದಿಲ್ಲ. ಲೆಕ್ಕ ಬಲ್ಲ, ಅಕ್ಕರೆಯುಳ್ಳ ಒಬ್ಬ ಹೆಣ್ಣುಮಗಳು ಸಾಕು.