ಭೂಮಿಯ ಹಳೇ ಲೆಕ್ಕ

ಹೈಸ್ಕೂಲಿನವರೆಗೆ ವಿಜ್ಞಾನವನ್ನು ಕನ್ನಡದಲ್ಲೇ ಓದಿದವನು ನಾನು. ಕಾಲೇಜಿಗೆ ಬಂದಾಗ ಇಂಗ್ಲಿಷಿಗೆ ಹೆದರಿ ಕಾಮರ್ಸ್ ಹಿಡಿದೆ. ನನಗ್ಯಾಕೆ ಭೂಮಿ-ಆಕಾಶ, ಜಮಾ-ಖರ್ಚು ಸಾಕು ಅಂದುಕೊಂಡಿದ್ದೆ.

ಮೊನ್ನೆ ಓದಿದ ಒಂದು ಸಂಗತಿ ನಿದ್ದೆ ಕೆಡಿಸಿತು. ಸೂರ್ಯನ ಸುತ್ತ ತಿರುಗುತ್ತಿದ್ದ ಧೂಳು, ಕಲ್ಲುಗಳು ಡಿಕ್ಕಿ ಹೊಡೆದು, ಅಂಟಿಕೊಂಡು ಭೂಮಿಯಾಯಿತು. ಆದರೆ ಆಗಿನ ಒಂದು ಬಂಡೆಯೂ ಇಲ್ಲಿ ಉಳಿದಿಲ್ಲ, ಎಲ್ಲ ಕರಗಿಹೋಯಿತು. ಅಂದರೆ ಲೆಡ್ಜರಿನ ಮೊದಲ ಪುಟವೇ ಇಲ್ಲ! ವಯಸ್ಸಿನ ಲೆಕ್ಕ ಹಾಕೋದು ಹೇಗೆ?

ಯುರೇನಿಯಂ ಗೊತ್ತಾದ ಗತಿಯಲ್ಲಿ ಸೀಸವಾಗುತ್ತದೆ. ಆದರೆ ಮೊದಲೇ ಇದ್ದ ಸೀಸ ಎಂಥದ್ದು? ಆ 'ಓಪನಿಂಗ್ ಬ್ಯಾಲೆನ್ಸ್' ಅಮೆರಿಕದ ಕ್ಲೇರ್ ಪ್ಯಾಟರ್ಸನ್‌ರಿಗೆ ಸಿಕ್ಕಿದ್ದು ಅರಿಜೋನಾದಲ್ಲಿ ಬಿದ್ದ ಉಲ್ಕಾಶಿಲೆಯಲ್ಲಿ. ಅದರ ಒಂದು ಖನಿಜದಲ್ಲಿ ಯುರೇನಿಯಂ ಇಲ್ಲವೆನ್ನುವಷ್ಟು ಕಮ್ಮಿ, ಹಾಗಾಗಿ ಸೀಸ ಇದ್ದ ಹಾಗೇ ಉಳಿದಿತ್ತು. ಬೇರೆ ಉಲ್ಕಾಶಿಲೆಗಳ ಸೀಸದೊಂದಿಗೆ ಹೋಲಿಸಿ 1956ರಲ್ಲಿ ಅವರು ಹೇಳಿದ ಉತ್ತರ: ಸುಮಾರು 455 ಕೋಟಿ ವರ್ಷ. ನಮ್ಮ ಸಮುದ್ರತಳದ ಕೆಸರಿನ ಸೀಸವೂ ಅದಕ್ಕೇ ತಾಳೆಯಾಯಿತು.

ನಮ್ಮ ದಫ್ತರ ಕಳೆದರೆ ಪಾಲುದಾರನ ದಫ್ತರ ತೆರೆದು ನೋಡ್ತೀವಲ್ಲ, ಹಾಗೇ! ಗೆಳೆಯರೇ, ಇದು ನನಗೆ ಅರ್ಥವಾಗುವ ಲೆಕ್ಕವೇ ಆಗಿತ್ತು. ಅಂದು ಸುಮ್ಮನೆ ಹೆದರಿದೆ.