ದನಿ ಹೋದ ದಿನಗಳು

ಕಾರ್ಟೂನಿನ ಹುಡುಗ ಮಾತಾಡಿದರೆ ಆ ದನಿ ಎಷ್ಟೋ ಸಲ ಹೆಂಗಸಿನದು. ನಿಜವಾದ ಹುಡುಗನನ್ನು ಕರೆತಂದರೆ ಒಂದೆರಡು ವರ್ಷಕ್ಕೆ ಅವನ ದನಿ ಒಡೆಯುತ್ತದೆ, ಪಾತ್ರಕ್ಕೆ ವಯಸ್ಸಾಗುವುದೇ ಇಲ್ಲ. ಅಮೆರಿಕದ ಬಾರ್ಟ್ ಸಿಂಪ್ಸನ್‌ಗೆ 1987ರಿಂದಲೂ ನ್ಯಾನ್ಸಿ ಕಾರ್ಟ್‌ರೈಟ್ ಅವರದೇ ದನಿ. ಕನ್ನಡದಲ್ಲಿ 2009ರಲ್ಲಿ ಮಕ್ಕಳ ಚಾನೆಲ್ ಚಿಂಟು ಟಿವಿ ಶುರುವಾದ ಮೇಲೆ ನನ್ನಂಥವರಿಗೂ ಈ ಕೆಲಸದ ಬಾಗಿಲು ತೆರೆಯಿತು.

ಡೈಲಾಗ್ ಎಷ್ಟು ಬೇಕಾದರೂ ಹೇಳಬಹುದು. ಗಂಟಲು ತಿನ್ನುವುದು ಮಾತಿಲ್ಲದ ಸದ್ದುಗಳು: ಬೀಳುವುದು, ಏದುಸಿರು, ಪೆಟ್ಟು ತಿಂದ ಕೂಗು. ಹೊಸ ಕಾರ್ಟೂನ್ ಮಾಡುವಾಗ ಸಾಮಾನ್ಯವಾಗಿ ಮೊದಲು ದನಿ, ಆಮೇಲೆ ಚಿತ್ರ. ಡಬ್ಬಿಂಗಿನಲ್ಲಿ ಬೊಂಬೆಯ ಬಾಯಿ ಮೊದಲೇ ತೆರೆದಿರುತ್ತದೆ. ಅದು ಮುಚ್ಚುವ ತನಕ ನಾವು ಕಿರುಚಲೇಬೇಕು.

ಬೆಂಗಳೂರಿನ ಒಂದು ಸ್ಟುಡಿಯೊದಲ್ಲಿ ಸಾಹಸದ ಧಾರಾವಾಹಿಯ ಹುಡುಗ ನನ್ನ ಪಾಲಿಗೆ ಬಂದ. ಎಪಿಸೋಡ್ ಲೆಕ್ಕದಲ್ಲಿ ದುಡ್ಡು. ಬೆಳಗಿನಿಂದ ರಾತ್ರಿವರೆಗೆ ಒಂದರ ಹಿಂದೊಂದು ಮುಗಿಸುತ್ತಿದ್ದರು. ದನಿ ಒರಟಾಗ್ತಿದೆ ಎಂದರೆ ಬಿಸಿನೀರು ತರಿಸಿಕೊಟ್ಟು, "ಇನ್ನೊಂದೇ ಟೇಕ್ ಮೇಡಂ" ಎನ್ನುತ್ತಿದ್ದರು. ಒಂದು ಮಧ್ಯಾಹ್ನ, ಹುಡುಗ ಬಂಡೆಯಿಂದ ಜಾರುವ ದೃಶ್ಯಕ್ಕೆ ಬಾಯಿ ತೆರೆದೆ. ಬರೀ ಗಾಳಿ ಬಂತು.

ಮೈಸೂರಿನ ಮಾನಸಗಂಗೋತ್ರಿಯಲ್ಲಿರುವ ವಾಕ್ ಶ್ರವಣ ಸಂಸ್ಥೆಗೆ ಹೋದೆ. ಗಂಟಲಿಗೆ ಇಳಿಸಿದ ಕ್ಯಾಮೆರಾ ಪರದೆಯ ಮೇಲೆ ಎರಡು ಬಿಳಿ ಪಟ್ಟಿಗಳನ್ನು ತೋರಿಸಿತು. ಎರಡರ ಅಂಚಿನಲ್ಲೂ ಎದುರುಬದುರಾಗಿ ಒಂದೊಂದು ಪುಟ್ಟ ಉಬ್ಬು. ಹೆಂಗಸು ಸುಮ್ಮನೆ ಮಾತಾಡಿದರೂ ಆ ಪಟ್ಟಿಗಳು ಸೆಕೆಂಡಿಗೆ ಸುಮಾರು 200 ಸಲ ಬಡಿದುಕೊಳ್ಳುತ್ತವೆ. ಮಗುವಿನ ದನಿಗೆ ಇನ್ನೂ ಹೆಚ್ಚು. ಗುದ್ದಲಿ ಹಿಡಿದ ಅಂಗೈಯಂತೆ ನನ್ನ ದನಿಪಟ್ಟಿಗಳು ದಡ್ಡುಗಟ್ಟಿದ್ದವು.

ಮಾತು ಬಂದ್. ಪಿಸುಮಾತೂ ಕೂಡದು, ಅದರಿಂದಲೂ ಗಂಟಲಿಗೆ ಶ್ರಮ. ಮಗಳು ತನ್ನ ಸ್ಲೇಟು ಕೊಟ್ಟಳು. ಅತ್ತೆಗೆ ಓದು ಬಾರದು, ಅವರಿಗೆ ಕೈಸನ್ನೆ. ತರಕಾರಿಯವನು ನನಗೆ ಕಿವಿಯೂ ಕೇಳಿಸದೆಂದು ಕೂಗಿ ಬೆಲೆ ಹೇಳುತ್ತಿದ್ದ. ಮಾತೇ ಅನ್ನವಾದವಳಿಗೆ ಈ ಮೌನ ಸಹಿಸುವುದು ಬಹಳ ಕಷ್ಟವಾಯಿತು. ಸ್ಟುಡಿಯೊದವರು ಚಿಕಿತ್ಸೆಗೆ ಒಂದು ರೂಪಾಯಿ ಕೊಡಲಿಲ್ಲ. ಪಾತ್ರ ಇನ್ನೊಬ್ಬಳಿಗೆ ಹೋಯಿತು. ಟಿವಿಯಲ್ಲಿ ನನ್ನ ಹುಡುಗ ಬೇರೆ ದನಿಯಲ್ಲಿ ಮಾತಾಡಿದ್ದು ಕೇಳಿ ಮಗಳು ಚಾನೆಲ್ ಬದಲಿಸಿದಳು.

ಆಮೇಲೆ ಥೆರಪಿ. ಲೋಟದ ನೀರಿಗೆ ಸ್ಟ್ರಾ ಇಟ್ಟು, ಗುಳ್ಳೆ ಏಳುವಂತೆ "ಊ" ಎನ್ನುವುದು. ಕುತ್ತಿಗೆ ಬಿಗಿಯದೆ, ಹೊಟ್ಟೆಯ ಉಸಿರಲ್ಲಿ. ನೋಡಲು ಮಕ್ಕಳಾಟ, ಆದರೆ ನನಗೆ ದನಿ ಮರಳಿದ್ದು ಅದರಿಂದಲೇ. ಉಬ್ಬುಗಳು ಕರಗಿದವು, ಆಪರೇಷನ್ ಬೇಕಾಗಲಿಲ್ಲ. ಮೇಲಿನ ಸ್ಥಾಯಿ ಮಾತ್ರ ಪೂರ್ತಿ ಬಂದಿಲ್ಲ.

ಈಗ ಅಮ್ಮ, ಅಜ್ಜಿ, ಆನೆಮರಿಗಳಿಗೆ ದನಿ ಕೊಡುತ್ತೇನೆ. ಕಿರುಚುವುದನ್ನೆಲ್ಲ ದಿನದ ಕೊನೆಗೆ ಇಡಿ ಎಂದು ಮೊದಲೇ ಹೇಳುತ್ತೇನೆ, ಕೆಲವರು ಒಪ್ಪುತ್ತಾರೆ. ಆ ಹಳೆಯ ಸ್ಟುಡಿಯೊದಿಂದ ಮತ್ತೆ ಕರೆ ಬಂದಿಲ್ಲ. ಅಲ್ಲಿ ನನ್ನ ಹುಡುಗನಿಗೆ ದನಿ ಕೊಡುತ್ತಿರುವವಳಿಗೆ ನಾನೇ ಫೋನ್ ಮಾಡಿ ಲೋಟ, ಸ್ಟ್ರಾ ವಿಚಾರ ತಿಳಿಸಿದೆ. "ಹ್ಞೂಂ ಅಕ್ಕಾ" ಎಂದಳು. ಅವಳ ದನಿ ಆಗಲೇ ಒರಟಾಗಿತ್ತು.